ಮರಳು ಕಾಪಿಟ್ಟ ಸತ್ಯ

ಆತ್ಮೀಯರ ಸಾವಿನ ಸುದ್ದಿಯನ್ನು ಸಹಿಸುವುದು ಕಷ್ಟ. ಸತ್ತರೋ ಬದುಕಿದ್ದಾರೋ ತಿಳಿಯದೆ ವರ್ಷಗಟ್ಟಲೆ ಕಾಯುವುದು ಇನ್ನೂ ಕಷ್ಟವಲ್ಲವೇ? ಅಮೆರಿಕದ ನೌಕಾಪಡೆಯ ಪೈಲಟ್ ಮೈಕೇಲ್ ಸ್ಕಾಟ್ ಸ್ಪೈಕರ್ ಅವರ ಪ್ರಕರಣ ನನ್ನನ್ನು ಈ ಪ್ರಶ್ನೆಯತ್ತ ಮತ್ತೆ ಮತ್ತೆ ಎಳೆದೊಯ್ಯುತ್ತದೆ.

1991ರ ಜನವರಿ 17 ಕೊಲ್ಲಿ ಯುದ್ಧದ ಮೊದಲ ರಾತ್ರಿ. ಸಾರಟೋಗ ಎಂಬ ವಿಮಾನವಾಹಕ ನೌಕೆಯಿಂದ ಹೊರಟಿದ್ದ ಸ್ಪೈಕರ್‌ರ ಎಫ್/ಎ-18 ಯುದ್ಧವಿಮಾನ ಇರಾಕಿನ ಮರುಭೂಮಿಯಲ್ಲಿ ಉರುಳಿತು. ಆಗ ಅವರಿಗೆ 33 ವರ್ಷ. ಮನೆಯಲ್ಲಿ ಇಬ್ಬರು ಎಳೆಯ ಮಕ್ಕಳಿದ್ದರು. ಅವರು ಮೃತಪಟ್ಟರೆಂಬ ಘೋಷಣೆ ಬಹುಬೇಗ ಹೊರಬಿತ್ತು. ಆದರೆ ವಿಮಾನ ಬಿದ್ದ ಸ್ಥಳವನ್ನು ಹೋಗಿ ನೋಡಿದವರಿರಲಿಲ್ಲ.

1993ರಲ್ಲಿ ಬೇಟೆಗೆ ಬಂದ ಕತಾರ್ ದೇಶದವರ ಕಣ್ಣಿಗೆ ವಿಮಾನದ ಅವಶೇಷಗಳು ಬಿದ್ದವು. 1995ರಲ್ಲಿ ರೆಡ್‌ಕ್ರಾಸ್ ಸಂಸ್ಥೆಯೊಡನೆ ಅಲ್ಲಿಗೆ ಹೋದ ತನಿಖಾ ತಂಡಕ್ಕೆ ಪೈಲಟ್‌ನ ಉಡುಪು ದೊರೆಯಿತು, ದೇಹ ದೊರೆಯಲಿಲ್ಲ. ಹಾಗಾದರೆ ಅವರು ಜಿಗಿದು ಬದುಕುಳಿದಿರಬಹುದೇ? ಸೆರೆಸಿಕ್ಕಿರಬಹುದೇ? 2001ರಲ್ಲಿ ದಾಖಲೆಯಲ್ಲಿದ್ದ 'ಮೃತ' ಎಂಬ ಪದ 'ಕಾಣೆಯಾದವರು' ಎಂದು ಬದಲಾಯಿತು. 2003ರ ಯುದ್ಧದ ಬಳಿಕ ಬಾಗ್ದಾದಿನ ಸೆರೆಕೋಣೆಯೊಂದರ ಗೋಡೆಯಲ್ಲಿ ಅವರ ಹೆಸರಿನ ಮೊದಲಕ್ಷರಗಳಂತೆ ಕಂಡ ಗೀರುಗಳೂ ಆಸೆ ಹುಟ್ಟಿಸಿ ನಿರಾಶೆಗೊಳಿಸಿದವು. ವಿಮಾನವನ್ನು ಉರುಳಿಸಿದ್ದು ನೆಲದಿಂದ ಬಂದ ಕ್ಷಿಪಣಿಯಲ್ಲ, ಇರಾಕಿನ ಮಿಗ್-25 ಯುದ್ಧವಿಮಾನವೆಂಬುದನ್ನು ಬೇಹುಗಾರರು ಕಂಡುಕೊಂಡರು. ಆದರೆ ಮನೆಯವರ ಪ್ರಶ್ನೆಗೆ ಅದು ಉತ್ತರವಾಗಲಿಲ್ಲ.

ಉತ್ತರ ಬಂದದ್ದು 2009ರ ಜುಲೈಯಲ್ಲಿ, ಒಬ್ಬ ಸಾಮಾನ್ಯ ಇರಾಕಿ ಪ್ರಜೆಯಿಂದ. ಅಲೆಮಾರಿಗಳಾದ ಬೆದೂಯಿನರು ಪೈಲಟ್‌ನ ಶವವನ್ನು ಕಂಡು ಅಲ್ಲೇ ಹೂಳಿದ್ದನ್ನು ಬಲ್ಲವರನ್ನು ಆತ ತೋರಿಸಿಕೊಟ್ಟ. ಅಲ್ಲಿ ಅಗೆದಾಗ ಮೂಳೆಗಳು ಸಿಕ್ಕವು. ದವಡೆ ಹಲ್ಲುಗಳ ದಾಖಲೆಯೊಡನೆ ಹೋಲಿಸಿ, ಅವು ಸ್ಪೈಕರ್‌ರವೇ ಎಂದು ಆಗಸ್ಟ್ ತಿಂಗಳಲ್ಲಿ ದೃಢಪಡಿಸಲಾಯಿತು.

ಒಮ್ಮೆ ಯೋಚಿಸಿ. ಮೃತರೆಂಬ ಮೊದಲ ಘೋಷಣೆ ನಿಜವೇ ಆಗಿತ್ತು. ಆದರೂ ಹೋಗಿ ನೋಡದೆ ನುಡಿದ ಆ ನಿಜ ಹದಿನೆಂಟು ವರ್ಷ ಯಾರಿಗೂ ನೆಮ್ಮದಿ ನೀಡಲಿಲ್ಲ. ಅತ್ತ, ತಮ್ಮ ನಾಡಿನ ಮೇಲೆ ಬಾಂಬು ಸುರಿಯಲು ಬಂದ ಪರಕೀಯನನ್ನು ಹದ್ದುಗಳಿಗೆ ಬಿಡದೆ ಮಣ್ಣು ಮಾಡಿದ ಆ ಬಡ ಅಲೆಮಾರಿಗಳಿಗೆ ಎಲ್ಲವೂ ತಿಳಿದಿತ್ತು. ನಮ್ಮ ನಡುವೆಯೂ ಸುದ್ದಿಗಾಗಿ ಕಾಯುತ್ತಿರುವ ಮನೆಗಳಿವೆ. ಅವರಿಗೆ ಸಮಾಧಾನದ ಮಾತು ಹೇಳುವ ಮುನ್ನ ಎದ್ದು ಹೋಗಿ ವಿಚಾರಿಸೋಣ. ಯಾರೂ ಕೇಳದ ಬಡವನನ್ನೂ ಕೇಳೋಣ.