ಉಳಿದಿರುವುದು ಮೂರು ನಿಮಿಷ

ಪ್ರಾಣಿಗಳ ಕುರಿತ ಸಾಕ್ಷ್ಯಚಿತ್ರಗಳನ್ನು ನೀವೂ ಮಕ್ಕಳೊಂದಿಗೆ ಕುಳಿತು ನೋಡಿರಬಹುದು. ಒಮ್ಮೆ ಅಂಥದ್ದೊಂದರಲ್ಲಿ, ಬೆನ್ನ ಮೇಲೆ ಪಟ್ಟೆಗಳಿದ್ದ ನಾಯಿಯಂಥ ಪ್ರಾಣಿಯೊಂದು ಬೋನಿನೊಳಗೆ ಅತ್ತಿಂದಿತ್ತ ನಡೆಯುತ್ತಿತ್ತು. ಕಪ್ಪು ಬಿಳುಪು ಚಿತ್ರ, ಶಬ್ದವಿಲ್ಲ.

“ಉಮ್ಮಾ, ಇದನ್ನು ನೋಡಲು ಎಲ್ಲಿಗೆ ಹೋಗಬೇಕು?” ಎಂದು ಮಗ ಕೇಳಿದ.

“ಎಲ್ಲಿಗೆ ಹೋದರೂ ಸಿಗದು ಮಗಾ” ಎಂದೆ.

ಅದು ಆಸ್ಟ್ರೇಲಿಯಾದ ಟ್ಯಾಸ್ಮೇನಿಯಾ ದ್ವೀಪದ ಥೈಲಸೀನ್. ಕುರಿಗಳನ್ನು ಹಿಡಿಯುತ್ತದೆಂದು ಅಲ್ಲಿನ ಸರಕಾರ 1888ರಿಂದ 1909ರವರೆಗೆ ಅದನ್ನು ಕೊಂದವರಿಗೆ ಬಹುಮಾನ ಕೊಟ್ಟಿತು. ಎರಡು ಸಾವಿರಕ್ಕೂ ಹೆಚ್ಚು ಬಹುಮಾನಗಳು! 1936ರ ಜುಲೈಯಲ್ಲಿ ಅದಕ್ಕೆ ಕಾನೂನಿನ ರಕ್ಷಣೆ ಸಿಕ್ಕಿತು. ಎರಡು ತಿಂಗಳು ತುಂಬುವ ಮೊದಲೇ, ಸೆಪ್ಟೆಂಬರ್ 7ರಂದು, ಹೋಬಾರ್ಟ್ ಮೃಗಾಲಯದಲ್ಲಿದ್ದ ಕೊನೆಯ ಥೈಲಸೀನ್ ಸತ್ತುಹೋಯಿತು.

ಈಗ ಅದರ ಬಗ್ಗೆ ಚಿತ್ರ ಮಾಡುವವರಿಗೆ ಹಳೆಯ ಫಿಲ್ಮುಗಳೇ ಆಧಾರ. ಉಳಿದಿರುವುದನ್ನೆಲ್ಲ ಸೇರಿಸಿದರೂ ಮೂರು ನಿಮಿಷಕ್ಕಿಂತ ತುಸು ಹೆಚ್ಚು, ಅಷ್ಟೇ. ಅದರಲ್ಲಿ ಡೇವಿಡ್ ಫ್ಲೇ 1933ರಲ್ಲಿ ತೆಗೆದ ಚಿತ್ರವೂ ಸೇರಿದೆ. 1935ರ ಪ್ರವಾಸ ಚಿತ್ರವೊಂದರಲ್ಲಿದ್ದ 21 ಸೆಕೆಂಡುಗಳ ತುಣುಕನ್ನು ಅಲ್ಲಿನ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯ ಜನರ ಮುಂದಿಟ್ಟದ್ದು 2020ರಲ್ಲಿ. ಊರು ತೋರಿಸುವ ಚಿತ್ರದೊಳಗೆ ಅಳಿದ ಪ್ರಾಣಿಯೊಂದು ಇದೆಯೆಂದು ತಿಳಿಯಲು, ತಾಳ್ಮೆಯಿಂದ ಕುಳಿತು ನೋಡುವವರು ಬೇಕು.

ಕೊನೆಯ ಥೈಲಸೀನ್‌ನ ಚರ್ಮ ಮತ್ತು ಎಲುಬುಗಳ ಕಥೆಯೂ ಹೀಗೆಯೇ. ಅವು ಹೋಬಾರ್ಟಿನ ವಸ್ತುಸಂಗ್ರಹಾಲಯದಲ್ಲೇ ಇದ್ದವು. ಆದರೆ ಸರಿಯಾಗಿ ದಾಖಲಿಸದಿದ್ದುದರಿಂದ, ಅವು ಅದರದೇ ಎಂದು ಗೊತ್ತಾದದ್ದು 2022ರಲ್ಲಿ!

ಇದನ್ನು ಓದಿದಾಗ ನನಗೆ ನಮ್ಮ ಮನೆಯ ಒಂದು ಕ್ಯಾಸೆಟ್ ನೆನಪಾಯಿತು. ತಂದೆಯವರು ಕುರ್‌ಆನ್ ಪಾರಾಯಣ ಮಾಡಿದ್ದನ್ನು ಅದರಲ್ಲಿ ಧ್ವನಿಮುದ್ರಿಸಿದ್ದೆವು. ಮೇಲೆ ಹೆಸರು ಬರೆದಿರಲಿಲ್ಲ. ಖಾಲಿಯೆಂದುಕೊಂಡು ಅದರ ಮೇಲೆ ಬೇರೇನನ್ನೋ ತುಂಬಿಸಿದವಳು ಬೇರೆ ಯಾರೂ ಅಲ್ಲ, ನಾನೇ. ತಂದೆ ಈಗಿಲ್ಲ. ಆ ಸ್ವರವೂ ಇಲ್ಲ.

ಸಹೋದರಿಯರೇ, ಅಲ್ಲಾಹನು ಸೃಷ್ಟಿಸಿದ ಜೀವಿಗಳು ನಮ್ಮ ಕೈಯಲ್ಲಿರುವ ಅಮಾನತ್ತು. ಹೋದವರ ನೆನಪೂ ಅಮಾನತ್ತೇ. ಜೀವವಿರುವಾಗ ಕಾಪಾಡದವರಿಗೆ ಕೊನೆಗೆ ಉಳಿಯುವುದು ಮೂರು ನಿಮಿಷದ ಚಿತ್ರ. ಅದನ್ನೂ ಜೋಪಾನ ಮಾಡದಿದ್ದರೆ ಅದೂ ಇಲ್ಲ.

ಇಂದು ನಿಮ್ಮ ಕಪಾಟನ್ನೊಮ್ಮೆ ತೆರೆದು ನೋಡಿ. ಹೆಸರಿಲ್ಲದ ಫೋಟೊ, ಕ್ಯಾಸೆಟ್ ಏನಾದರೂ ಸಿಕ್ಕರೆ, ಗುರುತಿಸಬಲ್ಲ ಹಿರಿಯರು ಮನೆಯಲ್ಲಿರುವಾಗಲೇ ಕೇಳಿ ಬರೆದಿಡಿ.