ಸ್ಟುಡಿಯೋದೊಳಗೊಂದು ಬಿಸಿಲುಕೋಲು

ಪ್ರಿಯ ಮಿತ್ರರೇ,

ನಿಮ್ಮ ಪತ್ರ ಕೈಸೇರಿ ಎರಡು ವಾರವಾಯಿತು. ಮಗಳು ಇಂಜಿನಿಯರಿಂಗ್ ಬೇಡ, ಕ್ಯಾಮೆರಾ ಕಲಿಯುತ್ತೇನೆ ಎಂದು ಹಟ ಹಿಡಿದಿದ್ದಾಳೆಂದು ಬರೆದಿದ್ದೀರಿ. ಕೊನೆಯಲ್ಲಿ, ‘ತೆರೆಯ ಮೇಲೆ ಕಾಣುವವರನ್ನು ಜನ ನೆನಪಿಡುತ್ತಾರೆ, ತೋರಿಸಿದವರನ್ನು ಯಾರು ಕೇಳುತ್ತಾರೆ ಹೇಳಿ’ ಎಂದೂ ಕೇಳಿದ್ದೀರಿ. ಆ ಮಾತು ಇಷ್ಟು ದಿನವೂ ನನ್ನ ಬೆನ್ನು ಬಿಟ್ಟಿಲ್ಲ. ತಂದೆಯ ಆತಂಕ ನನಗೆ ಅರ್ಥವಾಗುತ್ತದೆ. ಅದಕ್ಕೇ, ನಾನು ಮರೆಯಲಾರದ ಒಬ್ಬರ ಬಗ್ಗೆ ಬರೆಯುತ್ತಿದ್ದೇನೆ. ನಮ್ಮ ಮೈಸೂರಿನವರೇ, ಛಾಯಾಗ್ರಾಹಕ ವಿ.ಕೆ. ಮೂರ್ತಿ.

ಮೊದಲು ನಿಮ್ಮ ಅಜ್ಜನ ಮನೆಯನ್ನೊಮ್ಮೆ ನೆನೆಸಿಕೊಳ್ಳಿ. ಹೆಂಚಿನ ಮಾಡು, ನಡುವೆ ಒಂದೇ ಒಂದು ಗಾಜಿನ ಹೆಂಚು. ಮಧ್ಯಾಹ್ನದ ಹೊತ್ತು ನಡುಮನೆಯ ಕತ್ತಲಿಗೆ ಅಲ್ಲಿಂದ ಇಳಿಯುತ್ತಿದ್ದ ಬಿಸಿಲುಕೋಲು, ಅದರೊಳಗೆ ಸುಮ್ಮನೆ ತೇಲುತ್ತಿದ್ದ ಧೂಳಿನ ಕಣಗಳು. ಅದನ್ನು ಹಿಡಿಯಹೋಗಿ, ಮುಷ್ಟಿ ಬಿಚ್ಚಿ ನೋಡಿ, ಬರಿಗೈಯಾಗಿ ನಿಂತವರು ನಾವೆಲ್ಲ. ಮೂರ್ತಿಯವರು ಅದನ್ನು ಹಿಡಿದುಬಿಟ್ಟರು, ಮುಂಬೈಯ ಒಂದು ಸ್ಟುಡಿಯೋದಲ್ಲಿ.

ಚಿತ್ರ ನಟ, ನಿರ್ದೇಶಕ ಗುರುದತ್ತರ ‘ಕಾಗಜ್ ಕೆ ಫೂಲ್’, 1959ರದು. ಭಾರತದ ಮೊದಲ ಸಿನಿಮಾಸ್ಕೋಪ್, ಅಂದರೆ ಅಗಲ ತೆರೆಯ, ಚಿತ್ರ. ಅದರಲ್ಲಿ ಗೀತಾ ದತ್ ಹಾಡಿದ ಒಂದು ಹಾಡು ಬರುತ್ತದೆ. ಯಾರೂ ಇಲ್ಲದ ದೊಡ್ಡ ಸ್ಟುಡಿಯೋ. ಈ ಕಡೆ ನಿರ್ದೇಶಕನ ಪಾತ್ರದಲ್ಲಿ ಗುರುದತ್, ಆ ಕಡೆ ವಹೀದಾ ರೆಹಮಾನ್. ಇಬ್ಬರೂ ಬಾಯಿ ಬಿಡುವುದಿಲ್ಲ. ನಡುವೆ ಮೇಲಿನಿಂದ ಬೆಳಕಿನ ಒಂದು ಕಂಬ ಇಳಿದಿದೆ. ಆಡಲಾಗದ ಮಾತೆಲ್ಲ ಆ ಬೆಳಕಿನಲ್ಲೇ ಇದೆ.

ಆ ಬೆಳಕು ದೀಪದ್ದಲ್ಲ, ಬಿಸಿಲೇ. ಸ್ಟುಡಿಯೋದ ದೀಪ ಎಷ್ಟು ದೊಡ್ಡದಾದರೂ ಹತ್ತಿರದಲ್ಲೇ ಇರುತ್ತದೆ. ಅದರ ಬೆಳಕು ಹೊರಟಲ್ಲಿಂದ ಬೀಸಣಿಗೆ ಬಿಚ್ಚಿದಂತೆ ಅಗಲವಾಗುತ್ತ ಹೋಗುತ್ತದೆ. ಸೂರ್ಯ ಇರುವುದು ಸುಮಾರು 15 ಕೋಟಿ ಕಿಲೋಮೀಟರ್ ಆಚೆ. ಅಷ್ಟು ದೂರದಿಂದ ಬರುವ ಕಿರಣಗಳು ನಮ್ಮನ್ನು ಮುಟ್ಟುವಾಗ ಹೆಚ್ಚುಕಡಿಮೆ ಒಂದಕ್ಕೊಂದು ಸಮಾನಾಂತರವಾಗಿ, ನೇರವಾಗಿ ಬೀಳುತ್ತವೆ. ಬಿಸಿಲುಕೋಲಿಗೆ ಆ ಹೆಸರು ಸುಮ್ಮನೆ ಬಂದಿಲ್ಲ. ಗುರುದತ್ತರಿಗೆ ಬೇಕಾಗಿದ್ದದ್ದು ಆ ಕೋಲು. ಮೂರ್ತಿಯವರು ಎರಡು ದೊಡ್ಡ ಕನ್ನಡಿ ತರಿಸಿದರು. ಒಂದನ್ನು ಹೊರಗೆ ಬಿಸಿಲಿಗೊಡ್ಡಿದರು, ಇನ್ನೊಂದನ್ನು ಒಳಗೆ ಎತ್ತರದಲ್ಲಿ ನಿಲ್ಲಿಸಿದರು. ಹೊರಗಿನ ಕನ್ನಡಿ ಬಿಸಿಲನ್ನು ಒಳಗೆ ಎಸೆಯಿತು, ಒಳಗಿನದು ಅದನ್ನು ನೆಲಕ್ಕಿಳಿಸಿತು. ಹೇಳಲು ಎರಡೇ ಸಾಲು. ಆದರೆ ಸೂರ್ಯ ಯಾರ ಶೂಟಿಂಗಿಗೂ ನಿಲ್ಲುವವನಲ್ಲ. ಅವನು ಸರಿದಂತೆ ಕನ್ನಡಿಯನ್ನೂ ಸರಿಸಬೇಕು. ಗಾಳಿಯಲ್ಲಿ ಧೂಳೋ ಹೊಗೆಯೋ ಇರದಿದ್ದರೆ ಕೋಲು ಕಣ್ಣಿಗೇ ಬೀಳದು, ಹೆಚ್ಚಾದರೆ ಎಲ್ಲವೂ ಮಬ್ಬು. ಈ ಹದ ಕೈಗೆ ಹತ್ತಬೇಕಾದರೆ ಬೆಳಕನ್ನು ಬಹುಕಾಲ ನೋಡಿರಬೇಕು.

ಮೂರ್ತಿಯವರು ಹುಟ್ಟಿದ್ದು 1923ರಲ್ಲಿ, ಮೈಸೂರಿನಲ್ಲಿ. ಪಿಟೀಲು ಕಲಿತಿದ್ದರು. ಸ್ವಾತಂತ್ರ್ಯ ಚಳವಳಿಗೆ ಧುಮುಕಿ ಜೈಲನ್ನೂ ಕಂಡರು. ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಮುಗಿಸಿದ್ದು 1946ರಲ್ಲಿ. ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟ್ ಹುಟ್ಟಿದ್ದು 1960ರಲ್ಲಿ ಎಂಬುದನ್ನು ನೆನೆದರೆ, ನಮ್ಮ ಸರ್ಕಾರಿ ಪಾಲಿಟೆಕ್ನಿಕ್ ಎಷ್ಟು ಮುಂಚೆಯೇ ಈ ವಿದ್ಯೆಗೆ ಬಾಗಿಲು ತೆರೆದಿತ್ತು ನೋಡಿ! ನನಗಂತೂ ಇದು ದೊಡ್ಡ ಹೆಮ್ಮೆ.

ಆಮೇಲೆ ಮುಂಬೈ. ಫಾಲಿ ಮಿಸ್ತ್ರಿಯವರಂಥ ಪಳಗಿದ ಛಾಯಾಗ್ರಾಹಕರ ಕೈಕೆಳಗೆ ಸಹಾಯಕನಾಗಿ ದುಡಿದರು. 1951ರ ‘ಬಾಜಿ’ ಗುರುದತ್ತರ ನಿರ್ದೇಶನದ ಮೊದಲ ಚಿತ್ರ; ಅದರ ಛಾಯಾಗ್ರಾಹಕರು ವಿ. ರಾತ್ರಾ, ಮೂರ್ತಿ ರಾತ್ರಾರ ಸಹಾಯಕ. ದೇವಾನಂದ್ ಇದ್ದ ಒಂದು ಹಾಡಿನಲ್ಲಿ ಕನ್ನಡಿಯೊಳಗಿನ ಬಿಂಬದಿಂದ ಶುರುವಾಗಿ ಕ್ಯಾಮೆರಾ ಚಲಿಸಬೇಕಾದ ಕಷ್ಟದ ಶಾಟ್ ಇತ್ತು. ಅದನ್ನು ಮೂರ್ತಿ ಮಾಡಿ ತೋರಿಸಿದರು. ಗುರುದತ್ತರಿಗೆ ತಮ್ಮ ಕ್ಯಾಮೆರಾಮನ್ ಸಿಕ್ಕಿದ್ದರು. ಮರುವರ್ಷದ ‘ಜಾಲ್’ ಚಿತ್ರಕ್ಕೆ ಅವರೇ ಛಾಯಾಗ್ರಾಹಕ. ಮುಂದೆ ‘ಆರ್ ಪಾರ್’, ‘ಪ್ಯಾಸಾ’... ಬಾಗಿಲ ಚೌಕಟ್ಟಿನಲ್ಲಿ, ಹಿಂದಿನಿಂದ ಬೆಳಕು ಬಿದ್ದು, ಎರಡೂ ತೋಳು ಚಾಚಿ ನಿಂತ ‘ಪ್ಯಾಸಾ’ದ ಕವಿ ನಿಮಗೆ ನೆನಪಿರಬೇಕು. ಮುಖ ಕಾಣುವುದಿಲ್ಲ, ನೋವು ಕಾಣುತ್ತದೆ.

ಮೂರ್ತಿಯವರ ನಿಜವಾದ ವಿದ್ಯೆ ಬೆಳಕಿಗಿಂತ ನೆರಳಿನಲ್ಲಿತ್ತು ಎನ್ನುವುದು ನನ್ನ ಗಟ್ಟಿ ಅಭಿಪ್ರಾಯ. 1962ರ ‘ಸಾಹಿಬ್ ಬೀಬಿ ಔರ್ ಗುಲಾಮ್’ನಲ್ಲಿ ಒಂದು ಮುಜ್ರಾ ನೃತ್ಯ ಇದೆ. ಮೀನೂ ಮುಮ್ತಾಜ್ ತುಂಬು ಬೆಳಕಿನಲ್ಲಿ ಕುಣಿಯುತ್ತಾರೆ. ಸುತ್ತ ಕುಣಿಯುವ ಹೆಣ್ಣುಗಳ ಮುಖದ ಮೇಲೆ ಬೆಳಕು ಸೋಕುವುದೇ ಇಲ್ಲ. ಆಕೃತಿಗಳಷ್ಟೇ ಬಳುಕುತ್ತವೆ. ಯಾರೂ ಒಂದು ಕಡೆ ನಿಲ್ಲದ ಹಾಡಿನಲ್ಲಿ ಇದನ್ನು ಸಾಧಿಸುವುದೆಂದರೆ! ಒಬ್ಬರು ಒಂದು ಹೆಜ್ಜೆ ಈಚೆ ಬಂದರೂ ಕೆಟ್ಟಿತು. ಚಿತ್ರದ ಕತೆ ನಡೆಯುವ ಜಮೀನ್ದಾರಿ ಮನೆಯ ಸಿರಿ, ಅದರೊಳಗಿನ ಹಾಳು, ಎರಡನ್ನೂ ಆ ಒಂದು ಹಾಡಿನ ಬೆಳಕು ಹೇಳಿಬಿಡುತ್ತದೆ. ಆ ಚಿತ್ರಕ್ಕೂ ‘ಕಾಗಜ್ ಕೆ ಫೂಲ್’ಗೂ ಅವರಿಗೆ ಫಿಲ್ಮ್‌ಫೇರ್ ಪ್ರಶಸ್ತಿ ಬಂತು.

ಜನ ಯಾರನ್ನು ನೆನಪಿಡುತ್ತಾರೆಂಬ ನಿಮ್ಮ ಮಾತಿಗೆ ಬರುತ್ತೇನೆ. ‘ಕಾಗಜ್ ಕೆ ಫೂಲ್’ ಬಿಡುಗಡೆಯಾದಾಗ ಮಕಾಡೆ ಮಲಗಿತು. ಆಮೇಲೆ ಗುರುದತ್ ನಿರ್ದೇಶಕನೆಂದು ತಮ್ಮ ಹೆಸರನ್ನು ಯಾವ ಚಿತ್ರಕ್ಕೂ ಹಾಕಿಕೊಳ್ಳಲಿಲ್ಲ. 1964ರಲ್ಲಿ, ಇನ್ನೂ 39ರ ವಯಸ್ಸಿನಲ್ಲಿ, ತೀರಿಹೋದರು. ಮೂರ್ತಿ ಕೆಲಸ ಮುಂದುವರಿಸಿದರು. ಪ್ರಮೋದ್ ಚಕ್ರವರ್ತಿಯವರ ‘ಲವ್ ಇನ್ ಟೋಕಿಯೋ’ದಂಥ ಬಣ್ಣದ ಚಿತ್ರಗಳು, ಕಮಾಲ್ ಅಮ್ರೋಹಿಯವರ ‘ರಜಿಯಾ ಸುಲ್ತಾನ್’, ಶ್ಯಾಮ್ ಬೆನಗಲ್ ದೂರದರ್ಶನಕ್ಕೆ ಮಾಡಿದ ‘ಭಾರತ್ ಏಕ್ ಖೋಜ್’. ಕನ್ನಡದಲ್ಲಿ, ತ್ರಿವೇಣಿಯವರ ಕಾದಂಬರಿಯಿಂದ ರಾಜೇಂದ್ರಸಿಂಗ್ ಬಾಬು ತೆಗೆದ ‘ಹೂವು ಹಣ್ಣು’. ಆ ಹೊತ್ತಿಗೆ ಅವರಿಗೆ ಎಪ್ಪತ್ತರ ಹತ್ತಿರ. ನಾವು ಅವರನ್ನು ಇನ್ನೂ ಮೊದಲೇ ಕರೆಯಬೇಕಿತ್ತು. ಈ ಕೊರಗು ನನ್ನಲ್ಲಿ ಹಾಗೇ ಉಳಿದಿದೆ.

ಮಗಳಿಗೆ ಮುಖ್ಯವಾಗಿ ಹೇಳಬೇಕಾದ ಸಂಗತಿ ಇನ್ನೊಂದಿದೆ. ಅದೇ ಪಾಲಿಟೆಕ್ನಿಕ್‌ನಲ್ಲಿ 1962ರಲ್ಲಿ ಓದು ಮುಗಿಸಿದ ಗೋವಿಂದ ನಿಹಲಾನಿ ಮುಂಬೈಗೆ ಹೋಗಿ ಮೂರ್ತಿಯವರ ಸಹಾಯಕರಾದರು. ಮುಂದೆ ತಾವೇ ದೊಡ್ಡ ಛಾಯಾಗ್ರಾಹಕರಾಗಿ, ನಿರ್ದೇಶಕರಾಗಿ ಬೆಳೆದು ‘ತಮಸ್’ ಮಾಡುವಾಗ ಕ್ಯಾಮೆರಾಕ್ಕೆ ತಮ್ಮ ಗುರುವನ್ನೇ ಕರೆದರು. ಶಿಷ್ಯ ನಿರ್ದೇಶಕ, ಗುರು ಅವನ ಚಿತ್ರಕ್ಕೆ ಬೆಳಕು ಹಿಡಿಯುವವರು. ಆ ಪಾಲಿಟೆಕ್ನಿಕ್‌ನ ಛಾಯಾಗ್ರಹಣ ವಿಭಾಗ ಹೆಸರಘಟ್ಟದ ಸರ್ಕಾರಿ ಫಿಲ್ಮ್ ಸಂಸ್ಥೆಯಾಗಿ ಬೆಳೆದಿದೆ. ಭಾನುವಾರ ಬಿಟ್ಟು ವಾರದ ಯಾವುದಾದರೂ ದಿನ ಮಗಳನ್ನು ಅಲ್ಲಿಗೆ ಕರೆದುಕೊಂಡು ಹೋಗಿ. ಕ್ಯಾಮೆರಾ ಮುಟ್ಟಿ ನೋಡಲಿ.

2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಮೂರ್ತಿಯವರಿಗೆ ಸಂದಿತು. ಆ ಗೌರವ ಪಡೆದ ಮೊದಲ ಛಾಯಾಗ್ರಾಹಕ ಅವರು. ಕೊನೆಗಾಲವನ್ನು ಬೆಂಗಳೂರಿನಲ್ಲಿ ಕಳೆದು, 2014ರ ಏಪ್ರಿಲ್‌ನಲ್ಲಿ ಅಲ್ಲಿಯೇ ತೀರಿಕೊಂಡರು. ಮೂರ್ತಿಯವರ ಬದುಕನ್ನು ಉಮಾ ರಾವ್ ಕನ್ನಡದಲ್ಲಿ ಬರೆದಿದ್ದಾರೆ. ಪುಸ್ತಕದ ಹೆಸರು ‘ಬಿಸಿಲು ಕೋಲು’. ಸಿಕ್ಕರೆ ಮಗಳ ಕೈಗಿಡಿ.

ಇನ್ನೊಂದು ಕೆಲಸ ಮಾಡಿ. ಇವತ್ತು ರಾತ್ರಿ ಊಟವಾದ ಮೇಲೆ ಮನೆಯ ದೀಪವೆಲ್ಲ ಆರಿಸಿ, ತಂದೆ ಮಗಳು ಕೂತು ‘ಕಾಗಜ್ ಕೆ ಫೂಲ್’ನ ಆ ಹಾಡನ್ನು ನೋಡಿ. ಮೊದಲ ಸಲ ದನಿ ನಿಲ್ಲಿಸಿ, ಬರೀ ಬೆಳಕನ್ನು ನೋಡಿ. ಎರಡನೆಯ ಸಲ ದನಿ ಹಾಕಿ. ಆಮೇಲೆ ಅವಳು ಏನಂದಳೆಂದು ನನಗೆ ತಪ್ಪದೆ ಬರೆಯಿರಿ. ಕಾಯುತ್ತಿರುತ್ತೇನೆ.

ಪ್ರೀತಿಯಿಂದ,
ನಿಮ್ಮ ಮಿತ್ರ