ಮಂಗಳದ ಪಂಚಾಂಗ, ಅಟ್ಟದ ಕೊಬ್ಬರಿ

ಭೂಮಿ ಬಿಟ್ಟು ಬೇರೆ ಗ್ರಹಕ್ಕೆ ಗುಳೆ ಹೋದವರ ಕಥೆ ಕಟ್ಟುವವರು ಹೊಸ ಕ್ಯಾಲೆಂಡರನ್ನೂ ಕಟ್ಟುತ್ತಾರೆ. ತಿಂಗಳುಗಳೆಲ್ಲ ಸರಿಸಮ, ವಾರಗಳೆಲ್ಲ ಅಚ್ಚುಕಟ್ಟು. ತಿಪಟೂರು ಬಳಿಯ ನೊಣವಿನಕೆರೆಯ ತೆಂಗಿನ ತೋಟಗಳ ನಡುವೆ ಕೂತು ಅಂಥದ್ದೊಂದು ಕ್ಯಾಲೆಂಡರಿನ ಬಗ್ಗೆ ಓದುತ್ತಿದ್ದೇನೆ. ಹುಟ್ಟಿದ ಗೊಂದಲಗಳನ್ನು ಬಗೆಹರಿಸದೆ ಬರೆದಿಡುತ್ತೇನೆ.

◆

ಅಮೆರಿಕದ ಥಾಮಸ್ ಗ್ಯಾಂಗೇಲ್ 1985ರಲ್ಲಿ ಮಂಗಳ ಗ್ರಹಕ್ಕೆಂದು ರಚಿಸಿದ್ದು ಡೇರಿಯನ್ ಕ್ಯಾಲೆಂಡರ್. ಮಗ ಡೇರಿಯಸ್‌ನ ಹೆಸರನ್ನೇ ಇಟ್ಟಿದ್ದಾರೆ. ಅಲ್ಲಿನ ಒಂದು ದಿನ, ಅಂದರೆ ಒಂದು ಸೋಲ್, 24 ಗಂಟೆ 39 ನಿಮಿಷ 35 ಸೆಕೆಂಡು. ವರ್ಷಕ್ಕೆ 668 ಅಥವಾ 669 ಸೋಲ್, ತಿಂಗಳು 24. ಹೆಸರುಗಳನ್ನು ಓದಿದಾಗ ಕಣ್ಣುಜ್ಜಿಕೊಂಡೆ: ಸ್ಯಾಜಿಟೇರಿಯಸ್ ಆದಮೇಲೆ ಧನುಸ್, ಕ್ಯಾಪ್ರಿಕಾರ್ನಸ್ ಆದಮೇಲೆ ಮಕರ, ಅಕ್ವೇರಿಯಸ್ ಆದಮೇಲೆ ಕುಂಭ. ವರ್ಷ ಹತ್ತಿರ ಹತ್ತಿರ ಇಮ್ಮಡಿಯಾದ್ದರಿಂದ ಪ್ರತಿ ರಾಶಿಗೂ ಎರಡು ತಿಂಗಳು, ಒಂದು ಲ್ಯಾಟಿನ್ನಿನದು, ಇನ್ನೊಂದು ನಮ್ಮ ಪಂಚಾಂಗದ್ದು.

ಆದರೆ ಮಂಗಳದ ಕಕ್ಷೆ ದೀರ್ಘವೃತ್ತ. ಉತ್ತರಾರ್ಧದಲ್ಲಿ ವಸಂತ ಸುಮಾರು 194 ಸೋಲ್ ಎಳೆಯುತ್ತದೆ, ಶರತ್ಕಾಲ 142ಕ್ಕೇ ಮುಗಿಯುತ್ತದೆ. ಡೇರಿಯನ್‌ನ ನಾಲ್ಕು ಕಾಲುಭಾಗಗಳು ಮಾತ್ರ ಸಮಸಮ. ಹಾಗಾದರೆ ಇದು ಯಾರ ಅನುಕೂಲಕ್ಕೆ?

◆

ಇಲ್ಲಿನ ತೆಂಗಿನ ಮರ ಸರಿಸುಮಾರು ತಿಂಗಳಿಗೊಂದು ಹೊಂಬಾಳೆ ಬಿಡುತ್ತದೆ. ಹೊಂಬಾಳೆ ಒಡೆದು ಕಾಯಿ ಬಲಿಯಲು ಹನ್ನೊಂದು ಹನ್ನೆರಡು ತಿಂಗಳು. ಹಾಗಾಗಿ ಒಂದೇ ಮರದ ಮೇಲಿನ ಗೊನೆಯಲ್ಲಿ ಈ ತಿಂಗಳು, ಕೆಳಗಿನ ಗೊನೆಯಲ್ಲಿ ಹೋದ ವರ್ಷ.

ಕೆಡವಿದ ಕಾಯಿ ಉಂಡೆ ಕೊಬ್ಬರಿಯಾಗಬೇಕಾದರೆ ಸಿಪ್ಪೆ ಸಮೇತ ಅಟ್ಟ ಸೇರಬೇಕು. ಒಳಗಿನ ನೀರು ಇಂಗಿ, ಗಿಟುಕು ಕರಟ ಬಿಟ್ಟು ಬಿಡಿಯಾಗುವ ತನಕ ಎಂಟರಿಂದ ಹನ್ನೆರಡು ತಿಂಗಳು ಅಲ್ಲೇ ವಾಸ. ಒಂದು ಅಟ್ಟದ ಯಜಮಾನರನ್ನು ದಿನಾಂಕ ಕೇಳಿದೆ. "ಪಂಚಾಂಗ ನೋಡ್ಕೊಂಡು ಕಾಯಿ ಒಣಗಲ್ಲ ಸ್ವಾಮಿ. ಅಲ್ಲಾಡಿಸಿದ್ರೆ ಲೊಡಲೊಡ ಅನ್ಬೇಕು, ಆಗ ಸುಲಿಯೋದು" ಎಂದರು.

ಮರದ ಮೇಲೆ ಒಂದು ವರ್ಷ, ಅಟ್ಟದ ಮೇಲೆ ಹೆಚ್ಚುಕಮ್ಮಿ ಇನ್ನೊಂದು. ಮಂಗಳದ ಒಂದು ವರ್ಷ ನಮ್ಮ 687 ದಿನ, ಅಂದರೆ 22 ತಿಂಗಳು ದಾಟಿ ಇನ್ನಷ್ಟು. ಹೊಂಬಾಳೆಯಿಂದ ತಿಪಟೂರಿನ ಹರಾಜುಕಟ್ಟೆಯವರೆಗೆ ಒಂದು ಕೊಬ್ಬರಿಯ ಆಯುಸ್ಸು ಮಂಗಳದ ಲೆಕ್ಕದಲ್ಲಿ ಹೆಚ್ಚುಕಮ್ಮಿ ಒಂದೇ ವರ್ಷ! ಕಾಕತಾಳೀಯ, ಗೊತ್ತು. ಆದರೂ ಆ ವರ್ಷದ ಉದ್ದ ನನ್ನ ತಲೆಗಿಳಿದದ್ದು ಅಟ್ಟದ ಕೆಳಗೆ ನಿಂತಾಗಲೇ.

◆

2023ರ ಆಗಸ್ಟ್ 23ರ ಸಂಜೆ ಚಂದ್ರಯಾನ-3ರ ವಿಕ್ರಮ್ ಲ್ಯಾಂಡರ್ ಚಂದ್ರನ ಮೇಲೆ ಇಳಿಯಿತು. ಗೋಡೆಯ ಕ್ಯಾಲೆಂಡರಿನಲ್ಲಿ ಅಂದು ಶ್ರಾವಣ ಶುದ್ಧ ಸಪ್ತಮಿ. ಸೆಪ್ಟೆಂಬರ್ 4ರಂದು ಅದನ್ನು ಮಲಗಿಸಿದರು, ಬಹುಳ ಪಂಚಮಿ. ಮತ್ತೆ ಎಬ್ಬಿಸಲು ನೋಡಿದ್ದು ಸೆಪ್ಟೆಂಬರ್ 22, ಭಾದ್ರಪದ ಶುದ್ಧ ಸಪ್ತಮಿ. ಅದು ಏಳಲಿಲ್ಲ, ಆದರೆ ಸಪ್ತಮಿಯಿಂದ ಸಪ್ತಮಿಗೆ ಸರಿಯಾಗಿ ಮೂವತ್ತು ತಿಥಿ.

ಇದು ಮುಹೂರ್ತದ ಮಾತಲ್ಲ, ಬರೀ ಜ್ಯಾಮಿತಿ. ಚಂದ್ರ ಸೂರ್ಯನಿಂದ 12 ಡಿಗ್ರಿ ಮುಂದೆ ಸರಿದರೆ ಒಂದು ತಿಥಿ. ಅಷ್ಟರಲ್ಲಿ ಚಂದ್ರನ ನೆಲದ ಮೇಲೆ ಬಿಸಿಲಿನ ಗಡಿಯೂ ಸುಮಾರು ಅಷ್ಟೇ ಸರಿದಿರುತ್ತದೆ. ನಮಗೆ ಕಾಣುವ ಮುಖದ ನಟ್ಟನಡುವೆ ಶುದ್ಧ ಅಷ್ಟಮಿಗೆ ಸೂರ್ಯೋದಯ, ಹುಣ್ಣಿಮೆಗೆ ಮಧ್ಯಾಹ್ನ, ಬಹುಳ ಅಷ್ಟಮಿಗೆ ಅಸ್ತ. ವಿಕ್ರಮ್ ಇಳಿದ ಜಾಗ ಸ್ವಲ್ಪ ಪೂರ್ವಕ್ಕಿದ್ದುದರಿಂದ ಅಲ್ಲಿ ಬೆಳಗೂ ಬೇಗ, ಬೈಗೂ ಬೇಗ. ಚಂದ್ರನಿಗೊಂದು ಪ್ರಮಾಣಿತ ಸಮಯ ರೂಪಿಸಬೇಕೆಂದು ಅಮೆರಿಕದ ಶ್ವೇತಭವನ 2024ರಲ್ಲಿ ನಾಸಾಕ್ಕೆ ಸೂಚಿಸಿತು. ಮೈಕ್ರೋಸೆಕೆಂಡಿನ ಲೆಕ್ಕ ಅವರಿಗಿರಲಿ. ಚಂದ್ರನಲ್ಲೀಗ ಬೆಳಗೋ ಬೈಗೋ ಎನ್ನುವುದನ್ನು ಏಕಾದಶಿ ಹಿಡಿಯುವ ಅಜ್ಜಿಯೂ ಹೇಳಬಲ್ಲಳು, ಹೇಳುತ್ತಿದ್ದೇನೆಂದು ಅವಳಿಗೆ ಗೊತ್ತಿಲ್ಲದಿದ್ದರೂ.

◆

ಅದೇ ಅಜ್ಜಿ ಮಂಗಳಕ್ಕೆ ಹೋದರೆ? ಅಲ್ಲಿನ ಹತ್ತಿರದ ಚಂದ್ರ ಫೋಬೋಸ್ 7 ಗಂಟೆ 39 ನಿಮಿಷಕ್ಕೆ ಒಂದು ಸುತ್ತು ಮುಗಿಸುತ್ತದೆ. ಪಡುವಣದಲ್ಲಿ ಹುಟ್ಟಿ ಮೂಡಣದಲ್ಲಿ ಮುಳುಗುತ್ತದೆ. ಸೋಲ್ ಒಂದಕ್ಕೆ ಮೂರು ಅಮಾವಾಸ್ಯೆ, ಮೂರು ಹುಣ್ಣಿಮೆ, ಆರು ಏಕಾದಶಿ. ಉಣ್ಣುವುದು ಯಾವಾಗ?

◆

ಮಳೆ ನಕ್ಷತ್ರಗಳ ಪಾಡು ಇನ್ನೂ ವಿಚಿತ್ರ. ಸೂರ್ಯ 27 ನಕ್ಷತ್ರಗಳನ್ನು ದಾಟುವ ಲೆಕ್ಕದಲ್ಲೇ ಇಲ್ಲಿ ಭರಣಿ, ಕೃತ್ತಿಕೆ, ರೋಹಿಣಿ ಎಂದು ಹದಿಮೂರು ಹದಿನಾಲ್ಕು ದಿನಕ್ಕೊಂದು ಮಳೆ ಹುಟ್ಟುತ್ತದೆ. ಮಂಗಳದಿಂದ ನೋಡಿದರೂ ನಕ್ಷತ್ರಗಳು ಅವೇ. ಸೂರ್ಯ ಅವುಗಳ ನಡುವೆಯೇ ನಡೆಯುತ್ತಾನೆ, ಒಂದೊಂದರಲ್ಲಿ ಸರಾಸರಿ 25 ದಿನ ತಂಗುತ್ತಾನೆ. ಕ್ಯಾಲೆಂಡರ್ ಸಲೀಸಾಗಿ ಗ್ರಹ ದಾಟಿತು, ಮಳೆ ಮಾತ್ರ ಇಲ್ಲೇ ಉಳಿಯಿತು.

ಇಲ್ಲಾದರೂ ಆ ನಕ್ಷತ್ರದ ಲೆಕ್ಕ ಭದ್ರವೇ? ನಕ್ಷತ್ರದ ವರ್ಷ ಋತುಗಳ ವರ್ಷಕ್ಕಿಂತ ಸುಮಾರು 20 ನಿಮಿಷ ಉದ್ದ. ಸುಮಾರು ಎಪ್ಪತ್ತು ವರ್ಷಕ್ಕೆ ಒಂದು ದಿನದ ಜಾರು. ನಿಜವಾದ ಉತ್ತರಾಯಣ ಡಿಸೆಂಬರ್ 21–22ಕ್ಕೇ ಶುರುವಾದರೂ ನಾವು ಎಳ್ಳು ಬೀರುವುದು ಜನವರಿ ಮಧ್ಯದಲ್ಲಿ.

◆

ನೊಣವಿನಕೆರೆಗೆ ಹತ್ತಿರದ ವಿಘ್ನಸಂತೆಯಲ್ಲಿ ಹೊಯ್ಸಳರ ಕಾಲದ ಲಕ್ಷ್ಮೀನರಸಿಂಹ ದೇಗುಲವಿದೆ, 1286ರದು. ಶಕ ವರ್ಷ 1208, ವ್ಯಯ ಸಂವತ್ಸರ. ಹನ್ನೆರಡು ಸುತ್ತು ಮುಗಿಸಿ 2006ರಲ್ಲಿ ಮತ್ತೆ ವ್ಯಯವೇ ಬಂದಿತ್ತು. ಈ ಅರವತ್ತರ ಚಕ್ರ ಎಲ್ಲಿಯದು? ಗುರು ಐದು ಸುತ್ತು, ಶನಿ ಎರಡು ಸುತ್ತು ಹಾಕುವ ಹೊತ್ತಿಗೆ ಹತ್ತಿರ ಹತ್ತಿರ ಅರವತ್ತು ವರ್ಷ. ರಾಕೆಟ್ ಕಾಣದ ಜನ ಬೇರೆ ಗ್ರಹಗಳ ವರ್ಷ ಎಣಿಸಿ ತಮ್ಮ ಕಾಲಕ್ಕೆ ಹೆಸರಿಟ್ಟರು. ಗ್ರಹಕ್ಕೇ ಹೋಗುತ್ತೇವೆನ್ನುವವರು ಏಳು ಸೋಲ್‌ಗಳ ವಾರವನ್ನು ಇಲ್ಲಿಂದಲೇ ಹೊತ್ತುಕೊಂಡು ಹೊರಟಿದ್ದಾರೆ.

◆

ಒಂದೇ ಮನೆಯ ಲೆಕ್ಕ: ಬಿತ್ತನೆಗೆ ಮಳೆ ನಕ್ಷತ್ರ, ಹಬ್ಬಕ್ಕೆ ತಿಥಿ, ಮಾರಾಟಕ್ಕೆ ಹರಾಜಿನ ವಾರ, ಬ್ಯಾಂಕಿಗೆ ಮಾರ್ಚ್ 31, ಕೊಬ್ಬರಿಗೆ ಲೊಡಲೊಡ. ಐದನ್ನೂ ಒಂದು ಮಾಡೋಣವೆಂದು ಯಾರೂ ಹೊರಟಿಲ್ಲ, ಏಕೆಂದರೆ ಒಂದೊಂದೂ ಒಂದೊಂದು ಕೆಲಸದ ಆಳು. ಡೇರಿಯನ್‌ನಲ್ಲಿ ನನಗೆ ಸಿಗದಿರುವುದು ಆ ಕೆಲಸವೇ. ಇನ್ನು ಮುಂದೆ ಕಾಲ್ಪನಿಕ ಲೋಕದ ಕ್ಯಾಲೆಂಡರ್ ಕೈಗೆ ಬಂದರೆ ತಿಂಗಳೆಷ್ಟು ಎಂದು ಕೇಳುವುದಿಲ್ಲ. ಅಲ್ಲಿ ಏನು ಬೆಳೆಯುತ್ತಾರೆ, ಅದು ಎಷ್ಟು ದಿನಕ್ಕೆ ಕೈಗೆ ಬರುತ್ತದೆ, ಅಲ್ಲಿಯವರೆಗೆ ಸಾಲ ಕೊಡುವವರು ಯಾರು ಎಂದು ಕೇಳುತ್ತೇನೆ.